ಎರವಲು ಕೆಮ್ಮು

ಸೋಮವಾರ ನಮ್ಮೂರಲ್ಲಿ ಬಟ್ಟೆ ಒಗೆಯುವ ದಿನ.
ಕಾಲುವೆಯ ಆಚೆ ದಡಕ್ಕೂ ಕಾಣುವಂತೆ ಹಗ್ಗ.
ಹರವುವ ಮುಂಚೆ ಅವ್ವ ಎಣಿಸುತ್ತಿದ್ದಳು
ತುಟಿ ಅಲುಗದೆ:
ಅಪ್ಪನ ಅಂಗಿ ಎರಡು, ನನ್ನ ಲಂಗ ಒಂದು,
ತಮ್ಮನ ಚಡ್ಡಿ, ಅವಳ ನೀಲಿ ಏಪ್ರನ್ನು.
ಅಷ್ಟೆ. ಒಂದು ಕಾಲುಚೀಲ ಹೆಚ್ಚಾದರೂ
ಗಾಳಿ ಊರಿಗೆಲ್ಲ ಬಿಚ್ಚಿ ತೋರಿಸುತ್ತದೆ.

ಮಿಕ್ಕವು ಒಣಗುತ್ತಿದ್ದವು ಒಲೆಯ ಹಿಂದೆ,
ಕುರ್ಚಿಯ ಬೆನ್ನಿಗೆ, ಕೊಟ್ಟಿಗೆಯ ಗೂಟಕ್ಕೆ.
ಎರಡು ಚಳಿಗಾಲ ನಾನು ಶಾಲೆಗೆ ಹೊತ್ತದ್ದು
ಯಾರದೋ ಒದ್ದೆ ಉಣ್ಣೆಯ ವಾಸನೆ.

ಹುಲ್ಲಿನ ಅಟ್ಟಕ್ಕೂ ಹಲಗೆಗೋಡೆಗೂ ನಡುವೆ
ಮೂರು ಮೊಳ ಜಾಗ. ಅಲ್ಲಿ
ಗ್ರೋನಿಂಗನ್ ಪೇಟೆಯಲ್ಲಿ ಟೋಪಿ ಮಾರುತ್ತಿದ್ದ ದ್ರೀಲ್ಸ್ಮಾ,
ಹೆಂಡತಿ ರೊಸೆಟ್,
ಮಗಳು ಯೆಟ್ಟಿ, ನನಗಿಂತ ಏಳು ತಿಂಗಳು ಹಿರಿಯಳು.
'ಒಂದು ವಾರ, ಫೆನ್ನಾ' ಎಂದಿದ್ದರು
ರಾತ್ರಿ ಅವರನ್ನು ಕರೆತಂದ ಮೇಷ್ಟ್ರು.
ಆ ವಾರಕ್ಕೆ ಎರಡು ವರ್ಷ ವಯಸ್ಸಾಯಿತು.

ಅವ್ವನನ್ನು ದೇವತೆ ಮಾಡಬೇಡಿ.
ಸಾಬೂನಿಗೆ ಗೊಣಗುತ್ತಿದ್ದಳು, ಸೀಮೆಎಣ್ಣೆಗೆ ಗೊಣಗುತ್ತಿದ್ದಳು,
ನಡುರಾತ್ರಿ ಹೊರಬೇಕಾದ ಬಕೆಟ್ಟಿಗೆ ಗೊಣಗುತ್ತಿದ್ದಳು.
ಹಂದಿಕೊಬ್ಬಿನ ಸಾರು ಮುಂದಿಟ್ಟಾಗ
ರೊಸೆಟ್ ಚಮಚ ಎತ್ತದೆ ಕೂತರೆ
'ಉಣ್ಣಿ, ನಿಮ್ಮ ದೇವರಿಗೆ ನಾನು ಹೇಳಿಕೊಳ್ಳುತ್ತೇನೆ' ಎಂದು
ಹಲಗೆ ಎಳೆದುಕೊಂಡಳು.
ಮರುದಿನ ಗೂಡಿನಲ್ಲಿ ಬೇರೆಯೇ ಒಂದು ಪಾತ್ರೆ.
ಅದರಲ್ಲಿ ಬರೀ ಬಟಾಣಿ.

ನಾನೂ ಒಳ್ಳೆಯವಳಲ್ಲ. ಯೆಟ್ಟಿ
ನನ್ನ ಭೂಗೋಳದ ಪುಸ್ತಕ ಬಾಯಿಪಾಠ ಮಾಡಿದ್ದಳು,
ನದಿಗಳು, ಬಂದರುಗಳು, ರೈಲುದಾರಿ.
ಕಿಟಕಿಯೇ ಇಲ್ಲದವಳಿಗೆ ಇಷ್ಟೆಲ್ಲ ಯಾಕೆ ಅಂತ
ಒಂದು ದಿನ ಕೇಳಿಯೇಬಿಟ್ಟೆ.
ಕೆನ್ನೆಗೆ ಬಿತ್ತು. ಅವ್ವನ ಕೈ ಒರಟು.

ಎರಡನೆಯ ನವೆಂಬರಿನಲ್ಲಿ ರೊಸೆಟ್‌ಗೆ ಕೆಮ್ಮು ಹಿಡಿಯಿತು.
ದಿಂಬು, ಜೇನು, ಈರುಳ್ಳಿ ರಸ, ಯಾವುದಕ್ಕೂ ಬಗ್ಗದ್ದು,
ಒಣ ಬಾವಿಗೆ ಕೊಡ ಬಿದ್ದಂಥ ಕೆಮ್ಮು.
ಅವ್ವ ಒಂದು ಸಂಜೆ ಹಲಗೆಗೆ ಕಿವಿಯಿಟ್ಟು ಕೂತಳು,
ಪಾಠ ಕೇಳುವವಳ ಹಾಗೆ.
ಬೆಳಗ್ಗೆ ಅವಳೇ ಕೆಮ್ಮಿದಳು:
ಮೊದಲು ಎರಡು ಚಿಕ್ಕದು, ಆಮೇಲೆ ಉದ್ದದ್ದು, ಕೊನೆಗೆ ಸೀಟಿ.
ಹಾಲಿನವನ ಮುಂದೆ ಕೆಮ್ಮಿದಳು, ಚರ್ಚಿನಲ್ಲಿ
ಪ್ರಾರ್ಥನೆಯ ನಡುವೆ ಕೆಮ್ಮಿದಳು,
ಮನೆ ಶೋಧಿಸಲು ಬಂದ ಸೈನಿಕನ ಮುಖಕ್ಕೇ ಕೆಮ್ಮಿದಳು;
ಕ್ಷಯವೆಂದು ಹೆದರಿ ಅವನು ಹೊಸಿಲಲ್ಲೇ ನಿಂತ.
ಪಾದ್ರಿ ಮುಲಾಮು ಕಳಿಸಿದರು.
ಅಪ್ಪ, ನಿಜ ಗೊತ್ತಿದ್ದ ಅಪ್ಪ,
ಒಂದು ರಾತ್ರಿ ಎದ್ದು ಕೂತು ಕೇಳಿದ:
'ಫೆನ್ನಾ, ಇದು ನಿನ್ನದೋ ಅವಳದೋ?'
ಅವ್ವನಿಗೂ ತಿಳಿಯಲಿಲ್ಲ.

ನಮಗೆ ಭಯವಿದ್ದದ್ದು ಎದುರು ದಡದ ಹಿಂಡ್ರಿಕಾಳದು.
ಅವಳ ಮಗ ಕರಿ ಸಮವಸ್ತ್ರ ತೊಟ್ಟು
ಗೆದ್ದವರ ಬೂಟಿನ ಜೊತೆ ಹೆಜ್ಜೆ ಹಾಕುತ್ತಿದ್ದ.
ಅವಳಿಗಾಗಿಯೇ ಆ ಹಗ್ಗದ ಲೆಕ್ಕ.

ಏಪ್ರಿಲ್‌ನಲ್ಲಿ ಕೆನಡಾದ ಟ್ಯಾಂಕುಗಳು ಸೇತುವೆ ದಾಟಿದವು.
ಅದು ಸೋಮವಾರವಲ್ಲ. ಆದರೂ ಅವ್ವ
ಇದ್ದಬದ್ದದ್ದೆಲ್ಲ ಒಗೆದು ಹಗ್ಗಕ್ಕೆ ಹಾಕಿದಳು:
ದ್ರೀಲ್ಸ್ಮಾರ ಉದ್ದನೆಯ ಒಳಚಡ್ಡಿ, ರೊಸೆಟ್‌ಳ ತೇಪೆಯ ಲಂಗ,
ಯೆಟ್ಟಿಗೆ ಎಂದೋ ಗಿಡ್ಡವಾದ ಫ್ರಾಕು.
ಹಗ್ಗ ಜೋತು ಹುಲ್ಲು ಮುಟ್ಟಿತು.

ಹಿಂಡ್ರಿಕಾ ಸೇತುವೆ ಸುತ್ತಿಕೊಂಡು ಬಂದಳು.
ಮಗನನ್ನು ಆ ಬೆಳಗ್ಗೆಯೇ ಹಿಡಿದೊಯ್ದಿದ್ದರು.
ಬಟ್ಟೆಗಳನ್ನು ನೋಡಿದಳು, ಎಣಿಸಲಿಲ್ಲ.
'ಜನವರಿಯಲ್ಲಿ ಒಂದು ದಿನ' ಎಂದಳು,
'ಬ್ರೆಡ್ಡಿನ ಸಾಲಿನಲ್ಲಿ ನನ್ನ ಹಿಂದೆ ನಿಂತು ಕೆಮ್ಮುತ್ತಿದ್ದೆ.
ನಿನ್ನನ್ನು ಅಲ್ಲೇ ಬಿಟ್ಟು ಬಂದೆ.
ನಿಮ್ಮ ಮನೆ ದಾಟುವಾಗ
ಒಳಗೂ ನೀನೇ ಕೆಮ್ಮುತ್ತಿದ್ದೆ, ಫೆನ್ನಾ.'

ಅವ್ವನ ಕೈಯಲ್ಲಿ ಒದ್ದೆ ಕಾಲುಚೀಲ, ನೀರು ತೊಟ್ಟಿಕ್ಕುತ್ತಿತ್ತು.
ಒಳಗೆ ಬಾ ಅನ್ನಲು ನಾಲಿಗೆ ಏಳಲಿಲ್ಲ.
ಹೋಗು ಅನ್ನಲೂ.