ನಾಲ್ಕನೆಯ ರೀಲು

ದುರ್ಗಿಗುಡಿಯ ಮಹಡಿಯಲ್ಲಿ ಫಿಲ್ಮ್ ಸೊಸೈಟಿ:
ಹನ್ನೊಂದು ಕುರ್ಚಿ, ಒಂದು ಬೆಡ್‌ಶೀಟು.
ಯಾರೋ ಫ್ರೆಂಚರವನು, ಗಾಸ್ತೋಂ ವೆರ್ಲಾಕ್;
ನಿರ್ದೇಶಿಸಿದ್ದು ಮೂರು, ದುಡ್ಡು ಹಾಕಿದ್ದು ಒಂಬತ್ತು,
ವಾಪಸು ಬಂದದ್ದೆಷ್ಟು, ಕರಪತ್ರದಲ್ಲಿರಲಿಲ್ಲ.

ಡಬ್ಬಿ ಐದು ಬರಬೇಕಿತ್ತು.
ಒಂದು ಬೀರೂರು ಜಂಕ್ಷನ್ನಿನಲ್ಲೇ ಉಳಿಯಿತಂತೆ.
ಮೂರನೆಯದರ ಕೊನೆಗೆ ಹೆಂಗಸು ಚಿಲಕಕ್ಕೆ ಕೈಯಿಟ್ಟಳು;
ಐದನೆಯದರಲ್ಲಿ ಮುದುಕಿಯಾಗಿ
ಅದೇ ಬಾಗಿಲಿಗೆ ಬಣ್ಣ ಬಳಿಯುತ್ತಿದ್ದಳು.

ಪ್ರೊಜೆಕ್ಟರಿನ ಖಲಂದರ್ ಸಾಬರು
‘ತಪ್ಪಾಯ್ತು’ ಅಂದರು, ತಾವೇ ಸುಟ್ಟವರ ಹಾಗೆ.

ನೆಹರೂ ರಸ್ತೆಯುದ್ದಕ್ಕೂ ನಮ್ಮ ಜಗಳ:
ಹೋದಳು. ಹೋಗಲಿಲ್ಲ.
ಹೋಗಿ ಬಂದಳು ಕಣಯ್ಯಾ.

ಮೂವತ್ತು ವರ್ಷದ ಮೇಲೆ, ಮೊನ್ನೆ,
ಫೋನಿನಲ್ಲಿ ಪೂರ್ತಿ ಸಿಕ್ಕಿತು.
ನಾಲ್ಕನೆಯ ರೀಲಿನ ಹೊತ್ತಿಗೆ
ಅವನ ದುಡ್ಡು ಮುಗಿದಿರಬೇಕು:
ಬರೀ ಕಡಲು, ಹತ್ತು ನಿಮಿಷ,
ಮಾತಿಲ್ಲ, ಅವಳೂ ಇಲ್ಲ.

ಖಲಂದರ್ ಸಾಬರಿಗೆ ಹೇಳಬೇಕಿತ್ತು.