ಯಾವ ಖಾತೆ?

ಸಾಲಿಗೆ ಮೂವತ್ತಾರು ಅಕ್ಷರ, ಎರಡೇ ಸಾಲು,
ಪರದೆಯ ಮೇಲೆ ಮೂರು ಸೆಕೆಂಡು ಆಯುಷ್ಯ.
ಗಾಂಧಿನಗರದ ಮಹಡಿಯೊಂದರಲ್ಲಿ ಕೂತು
ಪ್ಯೋ ಇನ್-ಹೀ ಬರೆದ ಹನ್ನೊಂದು ಸಿನಿಮಾಗಳಿಗೆ
ಕನ್ನಡದ ಅಡಿಬರಹ ಹೊಲಿದವಳು ನಾನು.
ಕೊರಿಯನ್ ಬಾರದು. ಇಂಗ್ಲಿಷಿನಿಂದ ಎತ್ತಿದ್ದು,
ಎಂಜಲು ಅನ್ನಿ ಬೇಕಾದರೆ.

ಮೊದಲ ಚಿತ್ರದಲ್ಲಿ ಆಕೆಯ ಹೆಸರೇ ಇಲ್ಲ,
ಭಾವನ ಹೆಸರಿದೆ.
ಟೋಪನ್ ಹೆಣೆಯುವ ಕಾರ್ಖಾನೆಯ ಹುಡುಗಿಯರು
ನಿದ್ದೆ ಓಡಿಸುವ ಗುಳಿಗೆ ನುಂಗಿ
ಯಾವುದೋ ದೇಶದ ಹೆಂಗಸರಿಗೆ ಕೂದಲು ಕಟ್ಟುತ್ತಾರೆ.
ಹದಿನೇಳು ದೃಶ್ಯಕ್ಕೆ ಕತ್ತರಿ ಬಿತ್ತಂತೆ.
ಉಳಿದ ಕತೆ ಕುಂಟುತ್ತದೆ;
ಆ ಕುಂಟನ್ನೂ ಕನ್ನಡದಲ್ಲಿ ನೆಟ್ಟಗೆ ಕುಂಟಿಸಬೇಕಿತ್ತು.

ಈಗಿನದು ಬೇಡವೆಂದರೆ ಆಗಿನದು ಇರಲಿ ಎಂದು
ಹಿತ್ತಿಲ ಬಾಗಿಲಿಂದ ಅರಮನೆ ಹೊಕ್ಕಳು.
ಚರಿತ್ರೆಯ ಕರಡು ಹಾಳೆಗಳನ್ನು ಹೊಳೆಗೊಯ್ದು
ಮಸಿ ತೊಳೆದು ಕಾಗದ ಉಳಿಸುವ ಒಬ್ಬ ಆಳು.
ಅವನಿಗೆ ಓದು ಬರುತ್ತದೆ, ಯಾರಿಗೂ ಗೊತ್ತಿಲ್ಲ.
ಇಷ್ಟೇ ಕತೆ.
ಹೊಳೆ ಕಪ್ಪಾಗುವ ಆರು ನಿಮಿಷ
ಒಂದೂ ಮಾತಿಲ್ಲ, ನನಗೆ ಕೆಲಸವಿರಲಿಲ್ಲ,
ಆದರೂ ಸುಮ್ಮನೆ ಕೂತು ನಾಲ್ಕು ಸಲ ನೋಡಿದೆ.

ಆಮೇಲೆ ಬಹುಮಾನಗಳು, ಆಮೇಲೆ ಒಂದು ಸೋತ ಧಾರಾವಾಹಿ,
ಗಣಿ ಮುಚ್ಚಿದ ಊರು, ಸೇನೆಯಿಂದ ಮರಳದ ಹುಡುಗ,
ಎಪ್ಪತ್ತಕ್ಕೆ ಕಣ್ಣಿನ ಪೊರೆ.

ಚಿತ್ರೋತ್ಸವಕ್ಕೆ ಬಂದಾಗ ಲಾಲ್‌ಬಾಗ್ ಬೇಡವೆಂದಳು.
"ನಿಮ್ಮೂರ ಗಿರಣಿ ಎಲ್ಲಿ?"
ಬಿನ್ನಿಪೇಟೆಗೆ ಕರೆದೊಯ್ದೆವು. ಗಿರಣಿಯಿದ್ದ ಕಡೆ
ಮುಗಿಲಿಗೆ ಮಹಡಿ, ಒಣಗಲು ಹಾಕಿದ ಟವೆಲು.
ಸೈರನ್ನು ಎಲ್ಲಿ ಹೋಯಿತು ಅಂತ ಕೇಳಿದಳು.
ಅದನ್ನು ಯಾರಿಗೆ ದಾಟಿಸಲಿ ನಾನು?

ಗೇಟಿನ ಆಚೆ ಏಕಾಂಬರಮ್ಮ,
ಬೇಯಿಸಿದ ಕಡಲೆಕಾಯಿ ಗಾಡಿ.
ನೂಲು ಖಾತೆಯಲ್ಲಿ ಇಪ್ಪತ್ತೆರಡು ವರ್ಷ
ದುಡಿದು ಬಂದ ಹೆಂಗಸು.
ಬಂದವಳ ಬೆರಳುಗಳನ್ನೇ ನೋಡುತ್ತ ಕೇಳಿದಳು:
"ಈಯಮ್ಮ ಯಾವ ಖಾತೆ?"

ಸಿನಿಮಾ ಬರೆಯೋರು ಅನ್ನಲು ಬಾಯಿ ತೆರೆದೆ.
ಆದರೆ ಇದ್ದದ್ದನ್ನು ಇದ್ದಂತೆ ದಾಟಿಸುವುದಲ್ಲವೇ ಕಸುಬು?
ನಾನು ಇಂಗ್ಲಿಷಿಗೆ ದಾಟಿಸಿದೆ,
ದುಭಾಷಿ ಹುಡುಗ ಅಲ್ಲಿಂದ ಮುಂದಕ್ಕೆ.
ಬಹಳ ಹೊತ್ತು ಬಸ್ಸುಗಳ ಸದ್ದು.
ಉತ್ತರ ಮೂರು ಭಾಷೆ ಹತ್ತಿಳಿದು ಬಂತು:
"ಕೂದಲು ಖಾತೆ. ರಾತ್ರಿ ಪಾಳಿ. ಮೂರು ವರ್ಷ."

ಹನ್ನೊಂದು ಚಿತ್ರಗಳ ಯಾವ ಸಾಲಿನಲ್ಲೂ
ಇದನ್ನು ನಾನು ಬರೆದಿರಲಿಲ್ಲ.
ಏಕಾಂಬರಮ್ಮ ಹ್ಞೂಂ ಅಂದು
ಪೊಟ್ಟಣಕ್ಕೆ ಇನ್ನೊಂದು ಹಿಡಿ ಸುರಿದಳು.