ಅಳತೆ

ಅಘನಾಶಿನಿ ಇಳಿದ ಹೊತ್ತು.
ಮೊಣಕಾಲುದ್ದ ಕೆಸರಲ್ಲಿ ನಿಂತು
ಹೆಬ್ಬೆರಳಿಂದ ಬಳಚು ಹುಡುಕುತ್ತಿದ್ದೆವು,
ಅಲ್ಲಿ ಕಣ್ಣಿಗಿಂತ ಕಾಲಿಗೇ ಹೆಚ್ಚು ಕಾಣುತ್ತದೆ.

ಹಿಂದಿನ ದಿನ ತದಡಿಯ ಶಾಲೆಯಲ್ಲಿ ಸಭೆ.
ಸಾಹೇಬರು ದೊಡ್ಡದೊಂದು ಶಬ್ದ ಹೇಳಿದರು,
ಸಬಲೀಕರಣ.
ಚಪ್ಪಾಳೆ ತಟ್ಟಿದೆವು. ಅವಲಕ್ಕಿ ಚೆನ್ನಾಗಿತ್ತು.

ಸಣ್ಕೂಸಕ್ಕ ತಲೆಯೆತ್ತದೆ,
ಬಾಯಲ್ಲಿ ಕವಳ ಇಟ್ಟುಕೊಂಡೇ ಅಂದಳು:
"ಬುಟ್ಟಿ ಅವಂದು, ಲೆಕ್ಕ ಅವಂದು.
ಮತ್ತೆ ನಮ್ದು ಎಂತದೇ, ಬೆನ್ನುನೋವೋ?"

ನಕ್ಕೆವು. ಭರತ ಏರಿತು. ಮನೆಗೆ ಬಂದೆವು.
ಆ ಮಾತು ಮಾತ್ರ ಚಿಪ್ಪಿನ ಚೂರಿನ ಹಾಗೆ
ಹಿಮ್ಮಡಿಯೊಳಗೆ ಉಳಿಯಿತು,
ನಡೆದಾಗಲೆಲ್ಲ ಚುಚ್ಚುತ್ತ,
ಮೂರು ಮಳೆಗಾಲ.

ಈ ಸಲ ಕುಮಟೆಯ ಸಂತೆಯಿಂದ ತಕ್ಕಡಿ ತಂದೆ,
ಬಳೆ ಅಡವಿಟ್ಟು. ಗಂಡನಿಗೆ ಹೇಳಿದ್ದು ಆಮೇಲೆ.
ದಲ್ಲಾಳಿ ನಕ್ಕ: "ನನ್ನ ಮೇಲೆ ನಂಬಿಕೆ ಇಲ್ವೇನೇ?"
ಕೈ ನಡುಗಿತು, ಸುಳ್ಳು ಯಾಕೆ.
ಮುಳ್ಳೂ ನಡುಗಿತು.
ಎರಡೂ ನಿಲ್ಲುವ ತನಕ ಕಾದೆ.

ಅವನ ಬುಟ್ಟಿಯ ಹತ್ತು ಕಿಲೋ
ನನ್ನ ಮುಳ್ಳಿನಲ್ಲಿ ಹದಿಮೂರು.

ಸಣ್ಕೂಸಕ್ಕನಿಗೆ ಈಗ ಕಿವಿ ಕೇಳುವುದಿಲ್ಲ.
ಓಡಿಹೋಗಿ
ಬೆರಳು ಮೂರು ಎತ್ತಿ ತೋರಿಸಿದೆ.
"ಮೂರಕ್ಕೆ ಇಳಿತವೇನೇ?" ಎಂದು
ಬುಟ್ಟಿ ಹುಡುಕಲು ಎದ್ದಳು.